ಮೌಶಿ ರೆಕಾರ್ಡ್ ಮಾಡಿದ ಯುದ್ಧಗಳು

ನಮ್ಮ ಮೌಶಿ ಮಧ್ಯಾಹ್ನ ಊಟ ಮುಗಿಸಿ, ಎಲೆ ಅಡಿಕೆ ಹಾಕಿಕೊಂಡು, ನಾಲ್ಕಾರು ಜನರನ್ನು ಗುಂಡಿಕ್ಕಿ ಕೊಂದು, ಆಮೇಲೆ ಸ್ವಲ್ಪ ಹೊತ್ತು ಅಡ್ಡಾಗುತ್ತಾಳೆ.

ಗಾಬರಿಯಾಗಬೇಡಿ! ಪೊಲೀಸರಿಗೂ ತಿಳಿಸಬೇಡಿ. ಬಾದಾಮಿಯ ಪೊಲೀಸಪ್ಪನೊಬ್ಬ ಆ ಕೊಲೆಗಳನ್ನು ಕಣ್ಣಾರೆ ನೋಡಿ ಹೆಬ್ಬೆರಳೆತ್ತಿ ಮೆಚ್ಚಿಕೊಂಡಿದ್ದಾನೆ. ಏಕೆಂದರೆ ಇದೆಲ್ಲ ನಡೆಯುವುದು ಅವಳ ಮೊಬೈಲಿನೊಳಗೆ. ನಡೆದದ್ದನ್ನು ನಡೆದ ಹಾಗೆ ರೆಕಾರ್ಡ್ ಮಾಡಿ, ಇಂಟರ್ನೆಟ್ಟಿನಲ್ಲಿ ತನ್ನದೇ ಚಾನೆಲ್ಲಿಗೆ ಹಾಕುತ್ತಾಳೆ. ಇಷ್ಟು ಪ್ರಾಮಾಣಿಕ ಕೊಲೆಗಾರರನ್ನು ನೀವು ಎಲ್ಲಾದರೂ ಕಂಡಿದ್ದೀರಾ?

ಮೌಶಿ ಎಂದರೆ ನಮ್ಮ ಅವ್ವನ ತಂಗಿ. ಹುನಗುಂದದ ಶಾಲೆಯೊಂದರಲ್ಲಿ ಹಿಂದಿ ಕಲಿಸಿ ನಿವೃತ್ತಳಾದವಳು. ಈಗ ಕಾಕಾನೊಂದಿಗೆ, ಅಂದರೆ ತನ್ನ ಗಂಡನೊಂದಿಗೆ, ಬಾದಾಮಿಯಲ್ಲಿದ್ದಾಳೆ. ಇರುವೆ ಸಾಲು ಕಂಡರೆ ಸೀರೆ ಎತ್ತಿ ದಾಟುವ ಜೀವ ಅದು. ಜಿರಳೆ ಹೊಡೆಯಲು ಇವತ್ತಿಗೂ ಕಾಕಾನನ್ನೇ ಕೂಗುತ್ತಾಳೆ. ಇಂಥವಳ ಕೈಗೆ ಬಂದೂಕು ಕೊಟ್ಟದ್ದು ನನ್ನ ತಂಗಿ. ರಜೆಗೆಂದು ಬಾದಾಮಿಗೆ ಹೋದವಳು ತಾನು ಆಡಲೆಂದು ಮೌಶಿಯ ಫೋನಿನಲ್ಲಿ ಒಂದು ಯುದ್ಧದಾಟ ಇಳಿಸಿಕೊಂಡಳು; ಹೊರಡುವಾಗ ಅಳಿಸುವುದನ್ನು ಮರೆತಳು. ಆಟ ಬಹಳ ಸರಳ. ಒಂದಷ್ಟು ಜನ ವಿಮಾನದಿಂದ ದ್ವೀಪವೊಂದಕ್ಕೆ ಜಿಗಿಯಬೇಕು, ಸಿಕ್ಕ ಬಂದೂಕು ಎತ್ತಿಕೊಂಡು ಒಬ್ಬರನ್ನೊಬ್ಬರು ಹೊಡೆಯಬೇಕು, ಕೊನೆಗೆ ಉಳಿದವರು ಗೆದ್ದಂತೆ. ನಮ್ಮ ಕೆಲವು ಸಂಬಂಧಿಕರ ಮದುವೆಮನೆಯಲ್ಲೂ ಹೆಚ್ಚುಕಡಿಮೆ ಇದೇ ನಡೆಯುತ್ತದೆ, ವಿಮಾನವೊಂದಿಲ್ಲ ಅಷ್ಟೇ.

ಮೌಶಿ ಮೊದಲ ಸಲ ಗೆದ್ದಾಗ ಆನಂದ ತಡೆಯಲಾರದೆ ಎಲ್ಲರಿಗೂ ಹೇಳಿದಳು. ಕಾಕಾ ಪೇಪರಿನಿಂದ ಮುಖ ಎತ್ತದೆ, "ಹೂಂ, ಗೆದ್ದಿ. ಚಹಾ ಇಡು," ಎಂದರು. ಬಾಗಲಕೋಟೆಗೆ ಫೋನು ಮಾಡಿದರೆ ನಮ್ಮ ಅವ್ವ, "ನೀ ಗೆದ್ದಿಯಂತ? ಉಳದವರಿಗೆ ನೆಟ್ ಹೋಗಿರಬೇಕು ತಗಿ," ಎಂದುಬಿಟ್ಟಳು.

ಸರಿ, ಸಾಕ್ಷಿ ಬೇಕಲ್ಲ! ರೆಕಾರ್ಡಿಂಗ್ ಹುಟ್ಟಿದ್ದು ಹಾಗೆ.

ಫೋನಿನೊಳಗೇ ಅದಕ್ಕೊಂದು ಗುಂಡಿ ಇರುತ್ತದೆ ಎಂಬುದು ಆಗ ಅವಳಿಗೆ ಗೊತ್ತಿರಲಿಲ್ಲ. ಕಾಕಾನ ಫೋನನ್ನು ಕಾಕಾನ ಕೈಗೇ ಕೊಟ್ಟು, ತನ್ನ ಹೆಗಲ ಹಿಂದೆ ನಿಲ್ಲಿಸಿ, "ನನ್ನ ಫೋನಿನ ಮ್ಯಾಲ ಹಿಡೀರಿ, ಅಳಗಾಡಬ್ಯಾಡ್ರಿ," ಎಂದು ಆಜ್ಞೆ ಮಾಡಿದಳು. ಊಟವಾದ ಹೊತ್ತು. ಆ ಚೊಚ್ಚಲ ವಿಡಿಯೋದಲ್ಲಿ ಸ್ವಲ್ಪ ಹೊತ್ತು ಯುದ್ಧ ಕಾಣುತ್ತದೆ, ಆಮೇಲೆ ಮೌಶಿಯ ಕಿವಿ, ಆಮೇಲೆ ಗೋಡೆ, ಆಮೇಲೆ ತಿರುಗುವ ಫ್ಯಾನು. ಹಿನ್ನೆಲೆಯಲ್ಲಿ ಗುಂಡಿನ ಸದ್ದೂ ಕಾಕಾನ ಗೊರಕೆಯೂ ಸ್ಪರ್ಧೆಗೆ ಬಿದ್ದಂತೆ ಕೇಳುತ್ತವೆ. ಗೊರಕೆಯೇ ಗೆದ್ದಿದೆ.

ಕೊನೆಗೆ ತಂಗಿಯೇ ಫೋನಿನಲ್ಲಿ ರೆಕಾರ್ಡಿಂಗಿನ ಗುಂಡಿ ಎಲ್ಲಿದೆಯೆಂದು ಹೇಳಿಕೊಟ್ಟಳು. ಪರದೆಯ ಮೇಲೆ ನಡೆಯುವುದೂ ಆಡುವವರ ಮಾತೂ ಒಟ್ಟಿಗೆ ದಾಖಲಾಗುತ್ತವೆ ಎಂದು ತಿಳಿದದ್ದೇ ತಡ, ಮೌಶಿಯೊಳಗಿನ ಟೀಚರು ಎದ್ದು ಕೂತಳು.

"ಎಲ್ಲಾರಿಗೂ ನಮಸ್ಕಾರ. ಊಟ ಆತೇನು? ಆಗಿದ್ದಿಲ್ಲಂದ್ರ ಉಂಡು ಬರ್ರಿ, ವಿಡಿಯೋ ಎಲ್ಲೂ ಓಡಿ ಹೋಗಂಗಿಲ್ಲ." ಶುರುವಾಗುವುದೇ ಹೀಗೆ. ದ್ವೀಪದಲ್ಲಿ ಮನೆಯೊಂದಕ್ಕೆ ನುಗ್ಗಿದ ಕೂಡಲೇ ಯುದ್ಧ ಮರೆತು ತಪಾಸಣೆ: "ಇಷ್ಟ ದೊಡ್ಡ ಮನಿ ಕಟ್ಟ್ಯಾರ, ಒಂದು ಅಡಗಿಮನಿ ಇಲ್ಲ, ದೇವರ ಜಗಲಿ ಇಲ್ಲ. ಇಂಥಾ ಊರಾಗ ಜಗಳಾ ಆಗ್ದ ಏನಾಗ್ತದ?" ಆ ಆಟದಲ್ಲಿ ಆಯುಧವಾಗಿ ಹಂಚೂ ಸಿಗುತ್ತದೆ. ಅದು ಸಿಕ್ಕಾಗ ಬಂದೂಕಿಗಿಂತ ಹೆಚ್ಚು ಖುಷಿ. "ಹಂಚು ಸಿಕ್ತು ನೋಡ್ರಿ! ಆದ್ರ ದಪ್ಪ ಇಲ್ಲ, ಇದರ ಮ್ಯಾಲ ರೊಟ್ಟಿ ಬೇಯಂಗಿಲ್ಲ." ಅಷ್ಟರಲ್ಲಿ ಎದುರು ಯಾರೋ ಬಂದಿರುತ್ತಾರೆ. ಢಂ! "ಸತ್ತಾ. ಪಾಪ, ಯಾರ ಮನಿ ಹುಡುಗನೋ ಏನೋ. ಇರ್ಲಿ, ಇವನ ಚೀಲದಾಗ ಏನದ ನೋಡೂಣು." ಶೋಕವೂ ಸುಲಿಗೆಯೂ ಒಂದೇ ಉಸಿರಿನಲ್ಲಿ!

ಇಂಟರ್ನೆಟ್ಟಿನ ಮೂಲಕ ಮಾತಾಡುತ್ತ ಜೊತೆಗೆ ಆಡುವ ಅವಳ ತಂಡದಲ್ಲಿ ಹುಬ್ಬಳ್ಳಿ, ವಿಜಯಪುರದ ಕಡೆಯ, ಮುಖ ಕಾಣದ ಕಾಲೇಜು ಹುಡುಗರಿದ್ದರು. ಎಲ್ಲರೂ ಅವಳನ್ನು ಮೌಶಿ ಎಂದೇ ಕರೆಯುತ್ತಿದ್ದರು. ಒಮ್ಮೆ ಅವರಲ್ಲೊಬ್ಬ ಗುಂಡು ತಗುಲಿದ ಸಂಕಟಕ್ಕೆ ಕೆಟ್ಟ ಬೈಗುಳ ಬೈದ. ಮೌಶಿ ಅಲ್ಲೇ ಬಂದೂಕು ಕೆಳಗಿಟ್ಟಳು. "ಯಾವ ಸಾಲಿ ಕಲ್ತಿ ನೀನು? ಮನ್ಯಾಗೂ ಹಿಂಗ ಮಾತಾಡ್ತೀ ಏನು?" ನಡು ರಣರಂಗದಲ್ಲಿ ನೀತಿಪಾಠ ಶುರುವಾಯಿತು. ಹುಡುಗರು ಬಯಲಿನಲ್ಲೇ ನಿಂತು ವಿನಯದಿಂದ ಕೇಳಿದರು. ಪಾಠ ಮುಗಿಯುವ ಮೊದಲೇ ಶತ್ರುಗಳು ಬಂದು ಗುರುಶಿಷ್ಯರೆಲ್ಲರನ್ನೂ ಕೊಂದು ಹೋದರು. ವಿಡಿಯೋದ ಕೊನೆಗೆ ಆ ಹುಡುಗನ ಕ್ಷೀಣ ಧ್ವನಿ: "ಸಾರಿ ಮೌಶಿ."

ಕಾಕಾನಿಗೆ ಇದೊಂದೂ ಹಿಡಿಸುತ್ತಿರಲಿಲ್ಲ. ಬಾದಾಮಿಯಲ್ಲಿ ಮಂಗಗಳಿಗೇನು ಕಡಿಮೆ? ಮಾಳಿಗೆಯ ಮೇಲೆ ದಿನವೂ ಕುಣಿತ. "ಹೊರಗಿನ ಮಂಗ್ಯಾಗೋಳು ಸಾಲಲಿಲ್ಲಂತ ಒಳಗೊಂದು ಸಾಕೇನಿ," ಎಂದು ಗೊಣಗಿ, ಬಾಗಿಲು ಹಾಕಿಕೊಂಡು ಪೇಪರು ಓದುತ್ತಿದ್ದರು.

ಇಷ್ಟರಲ್ಲಿ ನನ್ನ ತಂಗಿಗೆ ಹುನಗುಂದದ ಹುಡುಗನೊಂದಿಗೆ ಮದುವೆ ಗೊತ್ತಾಯಿತು. ಸೀರೆ ತೆಗೆಯಲು ಎಲ್ಲರೂ ಇಳಕಲ್ಲಿಗೆ ಹೋದೆವು. ಹೆಂಗಸರು ಸೀರೆ ಆರಿಸಲು ಕುಳಿತರೆ ಎಷ್ಟು ಹೊತ್ತು ಬೇಕು ಎಂಬುದು ನಿಮಗೆ ಗೊತ್ತೇ ಇದೆ. ಬೇಸರವಾಗಿ ಮೌಶಿ ಅಂಗಡಿಯ ಗಾದಿಯ ಮೇಲೆ ಕುಳಿತಲ್ಲೇ ಆಟ ತೆರೆದಳು. ಧ್ವನಿ ಕಡಿಮೆ ಮಾಡುವುದು ನೆನಪಾಗಲಿಲ್ಲ. ಅವ್ವ ಒಂದು ಸೆರಗನ್ನು ಬೆಳಕಿಗೆ ಹಿಡಿದು ನೋಡುತ್ತಿದ್ದಾಗ, ಫೋನಿನಿಂದ ಹುಬ್ಬಳ್ಳಿಯ ಹುಡುಗ ಗಂಟಲು ಹರಿಯುವಂತೆ ಅರಚಿದ: "ಮೌಶೀ! ಹಿಂದ ನಿಂತಾನ! ಬಿಡಬ್ಯಾಡ್ರಿ, ಹೊಡೀರಿ!"

ಇಡೀ ಅಂಗಡಿ ಹಿಂದೆ ತಿರುಗಿತು. ಹಿಂದೆ ನಿಂತಿದ್ದವನು ಅಂಗಡಿಯವರ ಅಳಿಯ. ಪಾಪ, ಎರಡು ಕೈಯಲ್ಲಿ ಎರಡು ಸೀರೆ ಹಿಡಿದಿದ್ದವನು ಹಾಗೆಯೇ ಕೈ ಮೇಲೆತ್ತಿಬಿಟ್ಟ. ಗಲ್ಲಾದ ಮೇಲಿದ್ದ ಅವನ ಮಾವ ಮುಗುಳ್ನಗುತ್ತ, "ಅಕ್ಕಾರ, ಹೊಡೀಬ್ಯಾಡ್ರಿ. ರೇಟು ಕಡಿಮಿ ಮಾಡೂಣಂತ!" ಎಂದರು.

ಅಲ್ಲಿಗೆ ಮುಗಿದಿದ್ದರೆ ನಗುವಿನಲ್ಲೇ ಹೋಗುತ್ತಿತ್ತು. ಮುಂದಿನ ವಾರ ಅವ್ವ ಬಾದಾಮಿಗೆ ಹೋಗಿದ್ದಳು. ಮೌಶಿ ಒಂದು ಯುದ್ಧ ಗೆದ್ದು, ರೆಕಾರ್ಡಿಂಗ್ ನಿಲ್ಲಿಸದೆ, ಫೋನು ಪಕ್ಕಕ್ಕಿಟ್ಟು ಅಕ್ಕನ ಜೊತೆ ಮೆಂತೆಸೊಪ್ಪು ಬಿಡಿಸುತ್ತ ಕುಳಿತಳು. ಸೊಪ್ಪಿನ ಜೊತೆ ಬೀಗರ ವಿಷಯವನ್ನೂ ಬಿಡಿಸಿದರು. "ಹುಡುಗ ಬಂಗಾರ ನೋಡು," ಎಂದಳಂತೆ ಮೌಶಿ, "ಆದ್ರ ಅವರವ್ವ ಮಾತಾಡ್ಲಿಕ್ಕೆ ಸುರು ಮಾಡಿದ್ರ ಎದರಿಗಿದ್ದವರ ಚಹಾ ತಣ್ಣಗಾಗಿ ಕೆನಿ ಕಟ್ಟತದ." ಸಂಜೆ ಆ ವಿಡಿಯೋ ಆಟ, ಸೊಪ್ಪು, ಬೀಗತಿ ಎಲ್ಲ ಸಮೇತ ಚಾನೆಲ್ಲಿಗೆ ಏರಿತು.

ಮರುದಿನ ಹುನಗುಂದದಿಂದ ಫೋನು. "ನಾ ಹುಡುಗನ ತಾಯಿ ಮಾತಾಡೂದರಿ. ನಿಮ್ಮ ತಂಗೀದು ವಿಡಿಯೋ ಪೂರಾ ನೋಡಿದೆ." ಆಗಿನ್ನೂ ಅಲ್ಲೇ ಇದ್ದ ಅವ್ವ, ಚಹಾದ ಕಪ್ಪು ಕೈಯಲ್ಲಿರುವಂತೆಯೇ ನೆಲದ ಮೇಲೆ ಕುಳಿತಳು. ಫೋನನ್ನು ಮೌಶಿಯ ಕೈಗೆ ದಾಟಿಸಿದಳು. ಮೌಶಿ ಎದೆ ಗಟ್ಟಿ ಮಾಡಿಕೊಂಡು, "ತಪ್ಪಾತರಿ," ಎಂದಳು.

"ತಪ್ಪೇನು ಬಂತರಿ? ನಮ್ಮನಿಯವರು ಇನ್ನೂ ನಗಲಿಕತ್ತಾರ. ಲಗ್ನಾ ಆದಾಗಿಂದ ಈ ಮಾತು ಹೇಳ್ಬೇಕಂತ ಇದ್ದರಂತ, ಧೈರ್ಯ ಆಗಿದ್ದಿಲ್ಲಂತ. ಅದಿರ್ಲಿ, ಆ ಆಟ ನನ್ನ ಫೋನಿನಾಗ ಬರ್ತದೇನರಿ?"

ಆ ಮಾತುಕತೆ ಮುಗಿಯುವ ಹೊತ್ತಿಗೆ ಅವ್ವನ ಕೈಯಲ್ಲಿದ್ದ ಚಹಾ ಕೆನೆ ಕಟ್ಟಿತ್ತು.

ಮದುವೆ ಚೆನ್ನಾಗಿಯೇ ಆಯಿತು. ಹುನಗುಂದದ ಬೀಗತಿ ಮೌಶಿಯ ತಂಡ ಸೇರಿ, ಮೌಶಿಗಿಂತ ಜಾಸ್ತಿ ಮಾತಾಡಿ, ಶತ್ರುಗಳಿಗೆ ತಮ್ಮ ಅಡಗುತಾಣ ತಾವೇ ತಿಳಿಸಿಕೊಟ್ಟು, ಹುಡುಗರ ಶಾಪಕ್ಕೆ ಗುರಿಯಾದರು. ಇವೆಲ್ಲಕ್ಕೂ ದಾಖಲೆಗಳಿವೆ.

ಒಂದು ದಿನದ ವಿಡಿಯೋದಲ್ಲಿ ಮೌಶಿ ಬಹಳ ಸಿಟ್ಟಿಗೇಳುತ್ತಾಳೆ. "ಇವತ್ತು ಯಾರೋ ಹೊಗಿ ಬಾಂಬ್ ಒಗದಾರ. ಎಷ್ಟೊತ್ತಾತು, ಹೊಗಿ ಆರವಲ್ದು. ಏನೂ ಕಾಣಸವಲ್ದು." ಕಾಕಾನನ್ನು ಕರೆದು ಫೋನು ಒರೆಸಿಕೊಡಲು ಹೇಳುತ್ತಾಳೆ. ಕಾಕಾ ಧೋತರದ ಚುಂಗಿನಿಂದ ಒರೆಸುತ್ತಾರೆ. ಉಜ್ಜುವ ಸದ್ದು ಕೇಳುತ್ತದೆ. "ಇನ್ನೂ ಅದರಿ," ಎನ್ನುತ್ತಾಳೆ. ಆ ವಿಡಿಯೋ ನಾನು ಮತ್ತೆ ನೋಡಿದ್ದೇನೆ. ಅದರಲ್ಲಿ ಹೊಗೆಯೇ ಇಲ್ಲ. ಬಿಸಿಲು ಬಿದ್ದ ಬಯಲು ನಿಚ್ಚಳವಾಗಿ ಕಾಣುತ್ತದೆ.

ಅವತ್ತು ಮೌಶಿ ಫೋನಿಟ್ಟು ಗೋಡೆಯ ಕಡೆ ನೋಡಿದರೆ ಅಲ್ಲಿಯೂ ಹೊಗೆ.

ಬಾಗಲಕೋಟೆಯ ಕಣ್ಣಿನ ದವಾಖಾನೆಗೆ ಕರೆತಂದೆವು. ಬಲಗಣ್ಣಿನೊಳಗೆ ರಕ್ತ ಸೋರಿದೆ, ಆಪರೇಶನ್ ಆಗಬೇಕು ಎಂದರು ಡಾಕ್ಟರು. "ನಾ ಬಡಕೊಂಡೆ! ಫೋನ್ ನೋಡೀ ನೋಡೀ ಹಿಂಗಾತು," ಎಂದು ಅವ್ವ ಅಳತೊಡಗಿದಳು. ಡಾಕ್ಟರು, "ಫೋನಿಂದಲ್ಲರಿ, ಸಕ್ಕರಿ ಕಾಯಿಲೆ ಹದ್ದುಬಸ್ತಿನಾಗ ಇಲ್ಲದ್ದಕ್ಕ," ಎಂದರು. ಮೌಶಿ ಪಟ್ಟನೆ ನನ್ನ ಕಡೆ ತಿರುಗಿ, "ರೆಕಾರ್ಡ್ ಮಾಡ್ಕೊಂಡಿ ಏನು, ಅವರಂದದ್ದು?" ಎಂದಳು.

ಅವಳ ಹಾಸ್ಯ ಅಂದಿಗೆ ನಿಂತಿತು. ಆಪರೇಶನ್ ಆಯಿತು, ದೃಷ್ಟಿ ಎಷ್ಟು ಮರಳುತ್ತದೆ ಎಂದು ಈಗಲೇ ಹೇಳಲಾಗದು, ಇನ್ನೊಂದು ಕಣ್ಣೂ ದುರ್ಬಲವಾಗಿದೆ, ಅದಕ್ಕೂ ವಿಶ್ರಾಂತಿ ಬೇಕು ಎಂದರು. ಮೇಲಾಗಿ ಕೆಲವು ದಿನ ಮುಖ ಕೆಳಗೆ ಮಾಡಿಯೇ ಮಲಗಬೇಕು. ಅಲ್ಲೇ ನವನಗರದ ನಮ್ಮ ಮನೆಗೆ ಕರೆದುಕೊಂಡು ಬಂದೆವು. ಮೌಶಿ ಮಂಚದ ಮೇಲೆ ಬೋರಲು ಬಿದ್ದುಕೊಂಡು, ದಿಂಬಿಗೆ ಮುಖ ಕೊಟ್ಟು, ಕೇಳಿದ್ದಕ್ಕೆ ಹೂಂ ಉಹೂಂ ಎನ್ನುತ್ತಿದ್ದಳು. ಫೋನು ಎಲ್ಲಿದೆ ಎಂದು ಸಹ ಕೇಳಲಿಲ್ಲ. ಅವಳ ಬಾಯಿ ಮುಚ್ಚಲಿ ಎಂದು ಹರಕೆ ಹೊತ್ತವರೆಲ್ಲ ಆ ಮೌನಕ್ಕೆ ಹೆದರಿದೆವು. ಕಾಕಾ ಮನೆಯೊಳಗೆ ಒಂದು ಕಡೆ ನಿಲ್ಲದೆ ಓಡಾಡುತ್ತಿದ್ದರು.

ಒಂದು ಮಧ್ಯಾಹ್ನ ನಾನು ಊಟಕ್ಕೆಂದು ಬ್ಯಾಂಕಿನಿಂದ ಬಂದಾಗ ಕೋಣೆಯಲ್ಲಿ ಕಾಕಾನ ಧ್ವನಿ ಕೇಳಿಸಿತು. ಬಾಗಿಲಲ್ಲೇ ನಿಂತೆ. ಕಾಕಾ ಮಂಚದ ಪಕ್ಕ ನೆಲದ ಮೇಲೆ ಕುಳಿತು, ಅವಳ ಫೋನನ್ನು ತುಂಬಿದ ಬಟ್ಟಲಿನಂತೆ ಎರಡೂ ಕೈಯಲ್ಲಿ ಹಿಡಿದಿದ್ದರು.

"ವಿಮಾನದಿಂದ ಜಿಗದೇನಿ ನೋಡು. ಕೆಳಗ ಒಂದು ಹೊಲಾ ಕಾಣಸ್ಲಿಕತ್ತದ. ಎರಿ ಭೂಮಿ ಅಲ್ಲ, ಮಸಾರಿ, ಕೆಂಪು ಮಣ್ಣು."

"ಮನಿ ಕಂಡ್ರ ಒಳಗ ಹೋಗ್ರಿ." ದಿಂಬಿನೊಳಗಿಂದ ಮೌಶಿಯ ಧ್ವನಿ ಬಂತು. ಆಪರೇಶನ್ ಆದ ಮೇಲೆ ಯಾರೂ ಪ್ರಶ್ನೆ ಕೇಳದೆ ಅವಳು ಆಡಿದ ಮೊದಲ ಮಾತು ಅದು.

"ಹೋದೆ. ಬಾಗಲಾ ಹಾಕೇನಿ. ಮೂಲ್ಯಾಗ ನಿಂತೇನಿ."

"ಬಂದೂಕ ತೊಗೊಂಡ್ರೇನು?"

"ಇಲ್ಲ."

"ತೊಗೊಂಡು ಹೊರಗ ಬರ್ರಿ ಮತ್ತ. ಮೂಲ್ಯಾಗ ನಿಂತ್ರ ಆಟ ಹೆಂಗಾಗ್ತದ?"

"ಹೊರಗ ಹೊಡದಾಡ್ಲಿಕತ್ತಾರ. ಸಪ್ಪಳಾ ಕೇಳಸವಲ್ದೇನು ನಿನಗ?"

"ಹೊಡೀಲಿ ಬಿಡ್ರಿ. ಸತ್ರ ಮತ್ತೊಮ್ಮೆ ಆಡಿದ್ರಾತು. ಆಟರಿ ಅದು!"

ಕಾಕಾ ಫೋನನ್ನು ಕಣ್ಣಿನ ಹತ್ತಿರ ಹಿಡಿದರು.

"ಈ ಗೊಂಬಿ ತಲಿ ಮ್ಯಾಲ ನಿನ್ನ ಹೆಸರು ಬರದದ," ಎಂದರು. "ನಾ ಹೊರಗ ಕಳಸಂಗಿಲ್ಲ."

ಮೌಶಿಯ ಕೈ ಮಂಚದಿಂದ ಇಳಿಬಿದ್ದು, ತಡವರಿಸಿ, ಕಾಕಾನ ತಲೆಯನ್ನು ಹುಡುಕಿ ಅಲ್ಲೇ ಉಳಿಯಿತು.

"ರೆಕಾರ್ಡ್ ಹಚ್ಚೀರೇನು?" ಎಂದು ಕೇಳಿದಳು.

"ಹಚ್ಚೇನಿ. ನೀ ಎದ್ದ ಮ್ಯಾಲ ನೋಡಬೇಕಲ್ಲ."

ಡಾಕ್ಟರು ಕೂಡ ಇಷ್ಟು ಖಾತ್ರಿಯಿಂದ ಹೇಳಿರಲಿಲ್ಲ.

ದೃಷ್ಟಿ ಪೂರ್ತಿ ಬರಲಿಲ್ಲ, ಸಾಕಷ್ಟು ಬಂತು. ನೋಡಲು ಡಾಕ್ಟರು ಒಪ್ಪಿಗೆ ಕೊಟ್ಟ ದಿನ ಮೌಶಿ ಪಡಸಾಲೆಯಲ್ಲಿ ಕುಳಿತು, ನನ್ನಿಂದ ಆ ವಿಡಿಯೋ ಹಾಕಿಸಿಕೊಂಡಳು. ಕಾಕಾ ಔಷಧ ತರಲು ಹೊರಗೆ ಹೋಗಿದ್ದರು. ಪರದೆಯ ಮೇಲೆ ಒಂದು ಖಾಲಿ ಕೋಣೆ. ಅದರ ಮೂಲೆಯಲ್ಲಿ ಅವಳ ಹೆಸರು ಹೊತ್ತ ಬೊಂಬೆ ಗೋಡೆಗೆ ಮುಖ ಮಾಡಿಕೊಂಡು ನಿಂತಿತ್ತು. ಹೊರಗೆಲ್ಲೋ ಗುಂಡಿನ ಸದ್ದು. ಬೊಂಬೆ ಕದಲಲಿಲ್ಲ. ಕಾಕಾನ ಉಸಿರು ಕೇಳುತ್ತಿತ್ತು, ಅಷ್ಟೇ.

"ಮೌಶಿ, ಮುಂದ ಓಡಸ್ಲೇನು? ಇದರಾಗ ಏನೂ ಆಗಂಗಿಲ್ಲ," ಎಂದೆ.

"ಸುಮ್ನಿರು," ಎಂದಳು ಅವಳು, ಕಣ್ಣು ತೆಗೆಯದೆ. "ನೋಡ್ಲಿಕತ್ತೇನಿ."