ಡೀಸೆಲ್ ಎಂಬ ಬೆಕ್ಕು ಮರಳಿನ ತಟ್ಟೆಗೆ ಹೋಗಿಬರುವುದನ್ನು ಕ್ರಮಬದ್ಧಗೊಳಿಸುವ ಕುರಿತು

ಜಿಲ್ಲಾ ರಸ್ತೆ ಮತ್ತು ಹಿಮ ತೆರವು ಇಲಾಖೆ
ಉತ್ತರ ಮಿನೆಸೋಟ

ಸಂಖ್ಯೆ: ರಹಿತೆ/ಬೆಕ್ಕು/ಮೂತ್ರ/07/ತಿದ್ದುಪಡಿ-3
ದಿನಾಂಕ: ಫೆಬ್ರವರಿ 13, ಗುರುವಾರ
ಹವಾಮಾನ: ಮಾಮೂಲು (ಸೊನ್ನೆಗಿಂತ ಇಪ್ಪತ್ತೆರಡು ಡಿಗ್ರಿ ಕೆಳಗೆ)

ವಿಷಯ: ಇಲಾಖೆಯಲ್ಲಿ ಇಲಿ ನಿಯಂತ್ರಕ ಹುದ್ದೆಯಲ್ಲಿರುವ ಡೀಸೆಲ್ (ಗಂಡು ಬೆಕ್ಕು, ಬೂದು ಬಣ್ಣ, ಆರು ವರ್ಷ) ಮೂತ್ರಕ್ಕಾಗಿ ಪದೇ ಪದೇ ಹೋಗುತ್ತಿರುವ ಬಗ್ಗೆ.

ಉಲ್ಲೇಖ:
(ಅ) ಗ್ಯಾರೇಜಿನ ತಟ್ಟೆ ಹಾಜರಿ ಪುಸ್ತಕ, ಜನವರಿ ತಿಂಗಳದ್ದು.
(ಆ) ಲಾರಿ ಚಾಲಕ ಓರಿನ್ ಟ್ವೈಟ್ ಅವರು ಬಾಯಿಮಾತಿನಲ್ಲಿ ಹೇಳಿದ್ದು. ಲಿಖಿತದಲ್ಲಿ ಇಲ್ಲದ ಕಾರಣ ಇದನ್ನು ಉಲ್ಲೇಖವೆಂದು ಪರಿಗಣಿಸತಕ್ಕದ್ದಲ್ಲ.
(ಇ) ಪಶುವೈದ್ಯೆಯ ಚೀಟಿ. ಅರ್ಧ ಓದಲಾಗಿದೆ. ಉಳಿದರ್ಧ ಅಕ್ಷರವೋ ಗೀಚೋ ಎಂಬುದು ಪರಿಶೀಲನೆಯಲ್ಲಿದೆ.

ಪ್ರಸ್ತಾವನೆ:

ಹಿಮ ತೆಗೆಯುವ ಲಾರಿಗಳ ವೈರುಗಳನ್ನು ಇಲಿಗಳು ಕಡಿಯದಂತೆ ಕಾಯಲು ಡೀಸೆಲ್ ಅನ್ನು ಆರು ವರ್ಷಗಳ ಹಿಂದೆ ನೇಮಿಸಿಕೊಳ್ಳಲಾಗಿರುತ್ತದೆ. ನೌಕರನೆಂದ ಮೇಲೆ ಹಾಜರಿ ಇರಲೇಬೇಕಾದ್ದರಿಂದ, ಅದು ಮೂತ್ರಕ್ಕೆಂದು ಇಟ್ಟ ಮರಳಿನ ತಟ್ಟೆಗೆ ಹೋದಾಗಲೆಲ್ಲ ಗೋಡೆಗೆ ತೂಗುಹಾಕಿದ ಪುಸ್ತಕದಲ್ಲಿ ಒಂದು ಗೀಟು ಎಳೆಯುವ ಪದ್ಧತಿ ಇದೆ. ಜನವರಿ 28ರಂದು ಒಂದೇ ಪಾಳಿಯಲ್ಲಿ ಮೂವತ್ತನಾಲ್ಕು ಗೀಟುಗಳು ಕಂಡುಬಂದವು. ಅದೇ ದಿನ ಮರಳು ಬದಲಿಸುವ ಅಗತ್ಯವೇ ಬೀಳಲಿಲ್ಲ. ಎರಡನ್ನೂ ಜೊತೆಗಿಟ್ಟು ನೋಡಿದ ಕಚೇರಿಯು, ಬೆಕ್ಕಿನ ಶ್ರದ್ಧೆ ಹೆಚ್ಚಿದೆ, ಮರಳಿನ ಬಳಕೆ ತಗ್ಗಿದೆ ಎಂಬ ತೀರ್ಮಾನಕ್ಕೆ ಬಂದು, ಮರುದಿನವೇ ಡೀಸೆಲ್‌ಗೆ ಮಿತಬಳಕೆಯ ಪ್ರಶಂಸಾಪತ್ರ ನೀಡಿತು. ಪತ್ರ ಸ್ವೀಕರಿಸಲು ಬೆಕ್ಕು ನಿಲ್ಲಲಿಲ್ಲ. ತಟ್ಟೆಗೆ ಹೋಯಿತು.

ಗಂಡು ಬೆಕ್ಕಿಗೆ ಮೂತ್ರ ಕಟ್ಟಿಕೊಂಡರೆ ಅದು ಹೀಗೆಯೇ ಹೋಗಿ ಕೂತು, ತಿಣುಕಿ, ಒಂದು ಹನಿಯೂ ಬಾರದೆ ಎದ್ದು ಬರುತ್ತದೆ, ಒಂದೆರಡು ದಿನದಲ್ಲಿ ಸತ್ತೂ ಹೋಗುತ್ತದೆ ಎಂಬ ಸಂಗತಿ ಇಲಾಖೆಯ ಯಾವ ಕೈಪಿಡಿಯಲ್ಲೂ ಇರಲಿಲ್ಲ. ಆದ್ದರಿಂದ ಅದು ಕಚೇರಿಗೆ ತಿಳಿದಿರಲಿಲ್ಲ. ಈಗ ತಿಳಿದಿರುವುದರಿಂದ ಕೆಳಕಂಡಂತೆ ಈ ಮೂಲಕ ಸೂಚಿಸಲಾಗಿದೆ:

1. ಹಾಜರಿ ಪುಸ್ತಕದಲ್ಲಿ ಇನ್ನು ಮುಂದೆ ಎರಡು ಅಂಕಣಗಳಿರತಕ್ಕದ್ದು: ‘ಹೋದದ್ದು’ ಮತ್ತು ‘ಆದದ್ದು’. ‘ಆದದ್ದು’ ಅಂಕಣಕ್ಕೆ ಇಬ್ಬರು ಸಾಕ್ಷಿಗಳ ಸಹಿ ಕಡ್ಡಾಯ. ಬೆಕ್ಕಿನ ಸಂಕೋಚವನ್ನೂ ಸಾಕ್ಷಿಗಳ ಸಂಕೋಚವನ್ನೂ ಗಮನದಲ್ಲಿಟ್ಟುಕೊಂಡು, ಸಾಕ್ಷಿಗಳು ಕಿಟಕಿಯ ಕಡೆ ಮುಖ ಮಾಡಿ ನಿಲ್ಲತಕ್ಕದ್ದು. ನೋಡದೆ ಸಾಕ್ಷಿ ಹೇಳುವುದು ಹೇಗೆ ಎಂದು ಕೇಳಿದವರಿಗೆ ಪ್ರತ್ಯೇಕ ಸುತ್ತೋಲೆಯಲ್ಲಿ ಉತ್ತರಿಸಲಾಗುವುದು.

2. ಓರಿನ್ ಟ್ವೈಟ್ ಅವರು ಜನವರಿ 28ರಂದು ಕಾಫಿ ವೇಳೆಯಲ್ಲಿ ಕಾರ್ಯದರ್ಶಿಯವರ ಬಳಿ ಬಂದು, “ಡೀಸೆಲ್ ಯಾಕೋ ಅಷ್ಟು ಸರಿಯಿಲ್ಲ ಅನ್ಸುತ್ತೆ” ಎಂದಷ್ಟೇ ಹೇಳಿ, ಕಾಫಿ ಕುಡಿಯದೆ ಹೋಗಿರುತ್ತಾರೆ. ಮನೆಗೆ ಬೆಂಕಿ ಬಿದ್ದರೂ ‘ಸ್ವಲ್ಪ ಬೆಚ್ಚಗಿದೆ’ ಎನ್ನುವುದು ನಮ್ಮ ಕಡೆಯ ವಾಡಿಕೆ. ಇದು ಗೊತ್ತಿದ್ದೂ ಕಚೇರಿಯು ಅವರ ಮಾತನ್ನು ಹೇಳಿದಷ್ಟಕ್ಕೇ ಬರೆದುಕೊಂಡು ‘ಅವಸರವಿಲ್ಲ’ ಎಂಬ ಬುಟ್ಟಿಗೆ ಹಾಕಿತು. ಇನ್ನು ಮುಂದೆ ಸಿಬ್ಬಂದಿಯು ಈ ಪಟ್ಟಿಯನ್ನು ಅನುಸರಿಸತಕ್ಕದ್ದು: ‘ಅಷ್ಟು ಸರಿಯಿಲ್ಲ’ ಎಂದರೆ ತುರ್ತು, ‘ಪರವಾಗಿಲ್ಲ’ ಎಂದರೆ ಅತಿ ತುರ್ತು, ಏನೂ ಹೇಳದೆ ಟೋಪಿ ತೆಗೆದು ನೆಲ ನೋಡಿದರೆ ಪಾದ್ರಿಯವರಿಗೆ ಹೇಳಿಕಳಿಸುವುದು.

3. ಬೆಕ್ಕು ಹೆಚ್ಚು ನೀರು ಕುಡಿಯಬೇಕೆಂದು ಪಶುವೈದ್ಯೆ ಬರೆದಿರುತ್ತಾರೆ (ಓದಲಾದ ಅರ್ಧದಲ್ಲಿ). ಅದರಂತೆ ನೀರು ಕುಡಿಯಲು ಡೀಸೆಲ್‌ಗೆ ಸೂಚಿಸಲಾಯಿತು. ಪಾಲಿಸಲಿಲ್ಲ. ಜ್ಞಾಪನ ಕಳಿಸಲಾಯಿತು. ಜ್ಞಾಪನದ ಮೇಲೆ ಮಲಗಿತು. ನಲ್ಲಿಯಿಂದ ತೊಟ್ಟಿಕ್ಕುವ ನೀರನ್ನು ಮಾತ್ರ ಇಷ್ಟಪಡುವುದು ಕಂಡುಬಂದಿರುವುದರಿಂದ, ಗ್ಯಾರೇಜಿನ ಸೋರುವ ನಲ್ಲಿಯನ್ನು ಸರಿಪಡಿಸಬೇಕೆಂದು ಹನ್ನೊಂದು ವರ್ಷಗಳಿಂದ ಬಾಕಿಯಿದ್ದ ಅರ್ಜಿಯನ್ನು ಸಮಾಧಾನಕರವಾಗಿ ಮುಕ್ತಾಯಗೊಳಿಸಲಾಗಿದೆ.

4. ಒಣ ಆಹಾರ ಕಡಿಮೆ ಮಾಡಿ, ವೈದ್ಯೆ ಹೇಳಿದ ಡಬ್ಬಿಯ ಮೆತ್ತನೆ ಆಹಾರವನ್ನಷ್ಟೇ ಕೊಡತಕ್ಕದ್ದು. ಬುಧವಾರದ ಕೂಡೂಟಕ್ಕೆ ಟೈಪಿಸ್ಟ್ ಲೋಯಿಸ್ ಹಾಪಲ ಅವರು ತರುವ, ಟ್ಯೂನಾ ಮೀನು ಕಲಸಿ ಬೇಯಿಸಿದ ಹಾಟ್‌ಡಿಶ್ ಅನ್ನು ಮೇಜಿನ ಕೆಳಗೆ ಬೆಕ್ಕಿಗೆ ದಾಟಿಸುವುದನ್ನು ನಿಷೇಧಿಸಲಾಗಿದೆ. ಇದುವರೆಗೆ ಆ ತಟ್ಟೆಗಳು ಖಾಲಿಯಾಗುತ್ತಿದ್ದುದು ಯಾರಿಂದ ಎಂಬುದು ಇದರಿಂದ ಬಯಲಾಗಿರುವುದಕ್ಕೆ ಕಚೇರಿ ವಿಷಾದಿಸುತ್ತದೆ.

5. ಮನಸ್ಸಿನ ಕಿರಿಕಿರಿಯಿಂದಲೂ ಬೆಕ್ಕಿಗೆ ಈ ಕಾಯಿಲೆ ಬರುತ್ತದಂತೆ. ಆದಕಾರಣ ಬೆಕ್ಕಿನ ಎದುರು ಮುಖ ಗಂಟಿಕ್ಕುವುದು, ಲೆಕ್ಕಪರಿಶೋಧಕರನ್ನು ಕರೆತರುವುದು, ಮಂಜು ಯಾವಾಗ ನಿಲ್ಲುತ್ತದೆಂದು ಕೇಳುವುದು ಮುಂತಾದವನ್ನು ನಿಷೇಧಿಸಲಾಗಿದೆ. ಮರಳಿನ ತಟ್ಟೆಯನ್ನು ಗಾಳಿ ತುಂಬುವ ಗದ್ದಲದ ಯಂತ್ರದ ಪಕ್ಕಕ್ಕೆ ಸರಿಸಿದ್ದು ಯಾರೆಂದು ತನಿಖೆ ನಡೆಸಲಾಯಿತು. ಸರಿಸಿದ್ದು ಈ ಕಚೇರಿಯೇ ಎಂದು ತಿಳಿದುಬಂದದ್ದರಿಂದ ತನಿಖೆಯನ್ನು ಕೈಬಿಡಲಾಗಿದೆ. ತಟ್ಟೆ ಮೊದಲಿನ ಜಾಗಕ್ಕೆ ಹೋಗಿದೆ.

6. ನೋವಿರುವ ಬೆಕ್ಕು ತಟ್ಟೆ ಬಿಟ್ಟು ಸಿಕ್ಕಲ್ಲಿ ಕೂರುತ್ತದೆ. ಅಂಥ ಸಂದರ್ಭದಲ್ಲಿ ಕಡತದ ಮೇಲೆ ಬಿದ್ದ ಮೂತ್ರವನ್ನು ಸ್ವೀಕೃತಿ ಮೊಹರು ಎಂದು ಭಾವಿಸಿ ಕಡತವನ್ನು ಮುಂದಕ್ಕೆ ಕಳಿಸತಕ್ಕದ್ದಲ್ಲ. ಹಾಗೆ ಈಗಾಗಲೇ ಮಂಜೂರಾಗಿರುವ ಎರಡು ಸೇತುವೆಗಳನ್ನು ಮಾತ್ರ ವಿಶೇಷ ಪ್ರಕರಣವೆಂದು ಊರ್ಜಿತಗೊಳಿಸಲಾಗಿದೆ.

7. ಬೆಕ್ಕನ್ನು ವೈದ್ಯರಲ್ಲಿಗೆ ಕರೆದೊಯ್ಯಲು, ಈ ಹಿಂದಿನಂತೆಯೇ, ನಮೂನೆ 22-ಬೆ ಅನ್ನು ಮೂರು ಪ್ರತಿಗಳಲ್ಲಿ ಸಲ್ಲಿಸಿ, ಹತ್ತು ಕೆಲಸದ ದಿನ ಕಾಯತಕ್ಕದ್ದು. ಕಾಯುವ ಅವಧಿಯಲ್ಲಿ ಬೆಕ್ಕು ಸತ್ತಲ್ಲಿ ನಮೂನೆ 22-ಬೆ ತಾನಾಗಿಯೇ ರದ್ದಾಗುವುದು, ಹೊಸದಾಗಿ ಅರ್ಜಿ ಸಲ್ಲಿಸಬೇಕಾಗಿಲ್ಲ.

8. ಈ ಶಿಸ್ತನ್ನು ಮೀರಿ ಓರಿನ್ ಟ್ವೈಟ್ ಅವರು ಜನವರಿ 30ರಂದು ಡೀಸೆಲ್ ಅನ್ನು ತಮ್ಮ ಕೋಟಿನೊಳಗೆ ಇಟ್ಟುಕೊಂಡು, ಇಲಾಖೆಯ ಎರಡನೇ ಲಾರಿಯಲ್ಲಿ ನಲವತ್ತು ಮೈಲಿ ದೂರದ ಪಶುವೈದ್ಯೆಯಲ್ಲಿಗೆ ಹೋಗಿ, ಬೆಕ್ಕಿಗೆ ಕಟ್ಟಿದ್ದ ಮೂತ್ರ ತೆಗೆಸಿ, ಚೀಟಿ ಬರೆಸಿಕೊಂಡು ಬಂದಿರುತ್ತಾರೆ. ದಾರಿ ಮುಚ್ಚಿಹೋಗಿದ್ದ ನೆಪದಲ್ಲಿ ಪಕ್ಕದ ಜಿಲ್ಲೆಯ ಹನ್ನೊಂದು ಮೈಲಿ ಹಿಮವನ್ನೂ ತೆಗೆದಿರುತ್ತಾರೆ. ಆ ಹಿಮ ನಮ್ಮದಲ್ಲ. ಪಕ್ಕದ ಜಿಲ್ಲೆಯವರು ಧನ್ಯವಾದ ಹೇಳಿ ಬರೆದ ಪತ್ರವನ್ನು ಆರೋಪಪಟ್ಟಿಗೆ ಲಗತ್ತಿಸಿ, ಓರಿನ್ ಅವರನ್ನು ಅಮಾನತಿನಲ್ಲಿ ಇರಿಸಲಾಗಿದೆ. ಅವರನ್ನು ಕೆಲಸದಿಂದಲೇ ತೆಗೆಯಬೇಕೆ ಎಂಬುದನ್ನು ಸೋಮವಾರ ತೀರ್ಮಾನಿಸಲಾಗುವುದು.

ವಿಚಾರಣೆಯಲ್ಲಿ, ನಮೂನೆಯನ್ನೇಕೆ ತುಂಬಲಿಲ್ಲ ಎಂದು ಕಾರ್ಯದರ್ಶಿ ಮಾರ್ಲಿಸ್ ಎಂಗ್‌ಸ್ಟ್ರಾಮ್ ಅವರು ಕೇಳಲಾಗಿ, ಇಪ್ಪತ್ತಮೂರು ವರ್ಷದ ಸೇವೆಯಲ್ಲಿ ಇಷ್ಟುದ್ದ ಮಾತಾಡಿರದ ಓರಿನ್ ಅವರು ಹೀಗೆ ಹೇಳಿರುತ್ತಾರೆ: “ಮಾರ್ಲಿಸ್, ಅದರ ಹೊಟ್ಟೆ ಮುಟ್ಟಿ ನೋಡ್ದೆ. ಕಲ್ಲಿನ ಹಾಗಿತ್ತು. ನನ್ನ ಮುಖ ನೋಡ್ಕೊಂಡು ಅಳ್ತಿತ್ತು. ನಿಮ್ಮ ಫಾರಂ ಯಾವ ಡ್ರಾಯರಲ್ಲಿದೆ ಅಂತ ಹುಡುಕ್ಕೊಂಡು ಕೂತಿರೋಕೆ ನನ್ ಕೈಲಿ ಆಗ್ಲಿಲ್ಲ.” ಹಿಂದಿನ ಬೆಂಚಿನಲ್ಲಿ ಕೂತಿದ್ದ ಚಾಲಕರು, ಮರಳು ಉಳಿಸಿದರೆ ಪ್ರಶಂಸಾಪತ್ರ ಅನ್ನೋದಾದ್ರೆ ನಾವೂ ಕಟ್ಟಿಕೊಂಡು ಕೂರುತ್ತೇವೆ ಎಂದು ಗೊಣಗಿದ್ದನ್ನು ಕಡತದಿಂದ ತೆಗೆದುಹಾಕಲಾಗಿದೆ. ಕಾರ್ಯದರ್ಶಿಯವರು ನಕ್ಕದ್ದನ್ನೂ ತೆಗೆದುಹಾಕಲಾಗಿದೆ.

9. ಈ ಕರಡನ್ನು ಅಂತಿಮಗೊಳಿಸುತ್ತಿರುವ ಈ ದಿನ ಬೆಳಿಗ್ಗೆ 10.05ಕ್ಕೆ ಡೀಸೆಲ್ ತಟ್ಟೆಗೆ ಹೋಗಿರುತ್ತದೆ. 10.09ಕ್ಕೆ ಮತ್ತೆ ಹೋಗಿರುತ್ತದೆ. 10.11ಕ್ಕೆ ಹೋಗಿ, ಕೂತು, ಕೂಗಿರುತ್ತದೆ. ಒಮ್ಮೆ ಬಂದದ್ದು ಮತ್ತೆ ಬರಬಹುದೆಂದು ವೈದ್ಯೆಯ ಚೀಟಿಯ ಕೊನೆಯಲ್ಲಿ ಬರೆದಿರುವುದನ್ನು ಈಗ ಓದಲಾಗುತ್ತಿದೆ. ಮರಳನ್ನು ಕಾರ್ಯದರ್ಶಿಯವರು ಖುದ್ದಾಗಿ ಕೈಯಿಂದ ಮುಟ್ಟಿ ನೋಡಿರುತ್ತಾರೆ. ಒಣಗಿದೆ. ನಮೂನೆ 22-ಬೆ ಅನ್ನು ತೆಗೆಯಲಾಯಿತು. ಮೊದಲ ಪ್ರತಿಯಲ್ಲಿ ಬೆಕ್ಕಿನ ತಂದೆಯ ಹೆಸರು ಕೇಳಲಾಗಿದೆ. ಅನುಮತಿ ನೀಡುವವರ ಜಾಗದಲ್ಲಿ ನನ್ನ ಹೆಸರಿದೆ. ಹತ್ತು ದಿನ ಕಾಯಬೇಕೆಂದು ಬರೆದವಳೂ ನಾನೇ. ಅದರ ಹೊಟ್ಟೆ ಮುಟ್ಟಿದೆ. ನನಗೆ ಹೆದರಿಕೆಯಾಗುತ್ತಿದೆ. ಮೂರನೇ ಲಾರಿಯ ಕೀಲಿ ತೆಗೆದುಕೊಂಡಿದ್ದೇನೆ. ಉಳಿದದ್ದನ್ನು ಲೋಯಿಸ್ ಟೈಪು ಮಾಡಲಿ.

10. (ಟೈಪಿಸ್ಟ್ ಸೇರಿಸಿದ್ದು) ಕಾರ್ಯದರ್ಶಿಯವರು ಈ ಹಿಂದೆ ಹಿಮದ ಲಾರಿ ಓಡಿಸಿದವರಲ್ಲ. ಗ್ಯಾರೇಜಿನ ಬಾಗಿಲು ತೆರೆಯುವುದಕ್ಕೆ ಮೊದಲೇ ಹೊರಟಿರುತ್ತಾರೆ. ಬಾಗಿಲಿನ ಬಗ್ಗೆ ಪ್ರತ್ಯೇಕ ವರದಿ ಕಳಿಸಲಾಗುವುದು. ಕಂಡಿಕೆ 7ನ್ನು ಏನು ಮಾಡಬೇಕೆಂದು ಕಿಟಕಿಯಿಂದ ಕೂಗಿ ಕೇಳಿದ್ದಕ್ಕೆ ಅವರು ನೀಡಿದ ಸೂಚನೆಯನ್ನು ಇಲಾಖೆಯ ಪತ್ರದಲ್ಲಿ ಟೈಪು ಮಾಡಲು ಬರುವುದಿಲ್ಲ. ಅದರ ಸಾರಾಂಶದ ಪ್ರಕಾರ ಕಂಡಿಕೆ 7ನ್ನು ಕೈಬಿಡಲಾಗಿದೆ.

ಸಹಿ/-
(ಮಾರ್ಲಿಸ್ ಎಂಗ್‌ಸ್ಟ್ರಾಮ್)
ಕಾರ್ಯದರ್ಶಿ
ಅವರು ಸ್ಥಳದಲ್ಲಿ ಇಲ್ಲದ ಕಾರಣ ಅವರ ಪರವಾಗಿ
ಲೋಯಿಸ್ ಹಾಪಲ, ಟೈಪಿಸ್ಟ್

ಪ್ರತಿಗಳು:

1. ಎಲ್ಲ ಲಾರಿ ಚಾಲಕರಿಗೆ, ಓದಿ ನಗದೆ ಮರಳಿಸುವ ಷರತ್ತಿನೊಂದಿಗೆ.

2. ಪಶುವೈದ್ಯೆಗೆ, ದುಂಡಗೆ ಬರೆಯುವಂತೆ ವಿನಂತಿಯೊಂದಿಗೆ.

3. ಗ್ಯಾರೇಜಿನ ಇಲಿಗಳ ಗಮನಕ್ಕೆ, ಗೋಡೆಯ ಬುಡದಲ್ಲಿ ಅಂಟಿಸಲು. ಹುದ್ದೆ ಖಾಲಿಯಾಗಿಲ್ಲ, ನಿಯಂತ್ರಕರು ವೈದ್ಯಕೀಯ ರಜೆಯಲ್ಲಿದ್ದಾರೆ ಎಂಬುದನ್ನು ಅವು ಗಮನಿಸತಕ್ಕದ್ದು.

4. ಶ್ರೀ ಓರಿನ್ ಟ್ವೈಟ್, ಅಮಾನತಿನಲ್ಲಿರುವ ಚಾಲಕರು, ಇವರಿಗೆ: ಈ ದಿನ 10.50ಕ್ಕೆ ಕಾರ್ಯದರ್ಶಿಯವರು ದಾರಿಯಿಂದ ತಮಗೆ ಫೋನು ಮಾಡಿ, ಬೆಕ್ಕು ಕೂಗುವುದನ್ನು ನಿಲ್ಲಿಸಿಬಿಟ್ಟಿದೆ, ಏನು ಮಾಡಲಿ ಎಂದು ಅತ್ತಾಗ, ತಾವು “ಕೋಟಿನೊಳಗೆ ಹಾಕ್ಕೊಳ್ಳಿ, ಮಾತಾಡಿಸ್ತಾ ಇರಿ, ಲಾರಿ ಮಾತ್ರ ನಿಲ್ಲಿಸ್ಬೇಡಿ” ಎಂದು ಮೇಲಧಿಕಾರಿಗೆ ಆದೇಶ ನೀಡಿರುವುದು ನಿಯಮಬಾಹಿರವಾಗಿರುತ್ತದೆ. ಆದೇಶವನ್ನು ಪಾಲಿಸಲಾಗಿದೆ. ಮಧ್ಯಾಹ್ನ 12.20ಕ್ಕೆ ಪಶುವೈದ್ಯೆಯು ಮೂತ್ರನಾಳಕ್ಕೆ ನಳಿಕೆ ಹಾಕಲಾಗಿ ಮೂತ್ರ ಬಂದಿರುತ್ತದೆ. ಬೆಕ್ಕು ಬದುಕಿದೆ. ಸೋಮವಾರ ಬೆಳಿಗ್ಗೆ ಆರಕ್ಕೆ ತಾವು ವಿಚಾರಣೆಗಲ್ಲ, ಕೆಲಸಕ್ಕೆ ಹಾಜರಾಗತಕ್ಕದ್ದು.