ಕಿವಿಯ ಹಲಗಿ ಕಾಸಿದ್ದು

ಬಾವಿಯಲ್ಲಿ ಮುಳುಗು ಹಾಕಿ ಎದ್ದಾಗ ಅಮೃತಪ್ಪನ ಎರಡೂ ಕಿವಿ ಮುಚ್ಚಿಕೊಂಡಿದ್ದವು. ಅದೂ ಎಂಥ ದಿವಸ! ಅವತ್ತೇ ಸಂಜೆ ಅಕ್ಕಲಕೋಟೆಯ ವಕೀಲರೊಬ್ಬರ ಕಚೇರಿಯಲ್ಲಿ ಪಂಖಾ ಎಳೆಯುವ ಕೆಲಸಕ್ಕೆ ಬಂದು ಕಾಣಬೇಕೆಂದು ಕರೆ ಬಂದಿತ್ತು. ಗಿರಣಿ ಕೆಲಸ ಕಳಕೊಂಡು ಸೊಲ್ಲಾಪುರದ ಚಾಳಿನ ಗೋಡೆಗೆ ಒರಗಿ ಕೂತವನಿಗೆ ನೆರಳಲ್ಲಿ ಹಗ್ಗ ಎಳೆಯುವ ಚಾಕರಿಯೆಂದರೆ ಸ್ವರ್ಗವೇ. ಆದರೆ ಕಿವುಡನನ್ನು ಯಾರು ಇಟ್ಟುಕೊಂಡಾರು?

ದವಾಖಾನೆಯಲ್ಲಿ ಡಾಕ್ಟರು ಕಿವಿಯೊಳಗೆ ಇಣುಕಿ, ಎಣ್ಣೆ ಬಿಟ್ಟು, “ಟಿಂಪ್ಯಾನಿಕ್” ಎಂದೇನೋ ಗೊಣಗಿ, ನಾಳೆ ಬಾ ಎಂದು ಕೈಸನ್ನೆ ಮಾಡಿದರು. ಜೊತೆಗೆ ಬಂದಿದ್ದ ನೆರೆಮನೆಯ ಸುಗಲಾಬಾಯಿ ಬಿಟ್ಟಾಳೆಯೇ? ಕಂಪೌಂಡರನನ್ನು ತಡೆದಳು.

“ಹಂಗಂದ್ರ ಏನೋ ಯಪ್ಪಾ? ಸಾಯೂ ಬ್ಯಾನಿ ಏನು?”

“ಬ್ಯಾನಿ ಅಲ್ಲವ್ವಾ. ಕಿವಿ ಒಳಗ ತೆಳ್ಳನ ಚರ್ಮ ಬಿಗದಿರತೈತಿ. ಅದಕ್ಕ ಸಂಬಂಧಪಟ್ಟದ್ದು ಟಿಂಪ್ಯಾನಿಕ್. ಹಿಂದಕ ಗ್ರೀಕ್ ಮಂದಿ ನಮ್ಮ ಹಲಗಿಯಂಥಾ ವಾದ್ಯಕ್ಕ ಟಿಂಪನಾನ್ ಅಂತಿದ್ರು. ಅದs ಹೆಸರು ಕಿವಿಗೂ ಬಂತು.”

ಚಾಳಿಗೆ ಬಂದವಳೇ ಸುಗಲಾಬಾಯಿ ಸಾರಿದಳು: “ಅಮೃತಪ್ಪನ ಕಿವ್ಯಾಗ ಹಲಗಿ ಐತಂತ! ಸಡ್ಲಾಗೇದಂತ!” ಸಡಿಲಾದದ್ದು ಮಾತ್ರ ಅವಳದೇ ಸೇರ್ಪಡೆ.

ಹೋಳಿ ಹತ್ತಿರವಿತ್ತು. ಚಾಳಿನ ಹಲಗಿ ಬಾರಿಸುವ ಭೀಮಣ್ಣ ಎದ್ದು ನಿಂತ. “ಇಷ್ಟs ಏನು? ಥಂಡಿ ಹಿಡದ ಹಲಗಿ ಧಬ್ ಅಂತೈತಿ. ಬೆಂಕಿಗಿ ಹಿಡದ್ರ ಠಣ್! ತರ್ರಿ ಜ್ವಾಳದ ಕಣಿಕಿ, ಹಚ್ಚರಿ ಬೆಂಕಿ!”

ನಾಲ್ಕು ಮಂದಿ ಅಮೃತಪ್ಪನನ್ನು ಅಮುಕಿ, ಸುಡಲಿಟ್ಟ ಬದನೆಕಾಯಿಯಂತೆ ಉರಿಯ ಪಕ್ಕಕ್ಕೆ ಹಿಡಿದರು. ಭೀಮಣ್ಣ ಆಗಾಗ ಅವನ ಕಪಾಲಕ್ಕೆ ಬೆರಳು ಬಡಿದು ನಾದ ನೋಡಿದ. “ಇನ್ನಾ ಧಬ್ ಅನ್ನಾಕತ್ತೈತಿ. ಹೊಳ್ಳಿಸ್ರಿ ಆ ಕಡಿ!”

ಎಡಮೀಸೆ ಚುರ್ರೆಂದಿತು. ಅಷ್ಟರಲ್ಲಿ ಎಣ್ಣೆಗೂ ಕಾವಿಗೂ ಒಳಗಿನ ಗುಗ್ಗೆ ಕರಗಿ, ಕಿವಿಗಳು ಪಟ್ಟನೆ ತೆರೆದವು.

“ಸುಟ್ಟ್ಯಲ್ಲೋ ಭಾಡ್ಯಾ!” ಎಂದ ಅಮೃತಪ್ಪ ತನ್ನ ದನಿಗೆ ತಾನೇ ಬೆಚ್ಚಿದ. “ಅಯ್ಯ, ಕೇಳಾಕತ್ತೈತಿ!”

ಅರ್ಧ ಮೀಸೆಯಲ್ಲೇ ಮೋಟಾರು ಹತ್ತಿ ಅಕ್ಕಲಕೋಟೆ ಸೇರಿದ. ವಕೀಲ ಶಾಂತಲಿಂಗಪ್ಪನವರು ಬೆನ್ನು ತಿರುಗಿಸಿ ನಿಂತು, ಸೊಳ್ಳೆಗೂ ಕೇಳದಂತೆ ಪಿಸುಗುಟ್ಟಿದರು: “ಕೂಡ್ರು.”

ಅಮೃತಪ್ಪ ಹೆಮ್ಮೆಯಿಂದ ಥಟ್ಟನೆ ಕೂತ.

ವಕೀಲರು ನಿಟ್ಟುಸಿರು ಬಿಟ್ಟರು. “ಇವನಿಗೂ ಕೇಳತೈತಿ! ಕಕ್ಷಿಗಾರರ ಗುಟ್ಟೆಲ್ಲಾ ಪಂಖಾದವನ ಬಾಯಿಂದ ಪೇಟಿಗಿ ಹೋಗತಾವಪ್ಪಾ. ನನಗ ಪಕ್ಕಾ ಕಿವುಡ ಬೇಕು.”

“ರಾವಸಾಹೇಬ್ರ, ದೇವರಾಣಿ, ಮುಂಜಾನಿ ನಾ ಕಿವುಡನs ಇದ್ದೆ!”

“ಈಗ?”

ಅಮೃತಪ್ಪ ತಲೆ ಕೆರೆದುಕೊಂಡ. “ಈಗ ಛಲೋ ಕೇಳತೈತ್ರಿ.”

“ಹಂಗಾದ್ರ ಕೇಳು,” ಎಂದರು ವಕೀಲರು, “ಹೋಗೂ ಮುಂದ ಬಾಗಿಲಾ ಹಾಕ್ಕೊಂಡು ಹೋಗು.”