ಬೀಗದೊಳಗೆ ಬೀಗರು

ಬೀಗ ಕಂಡರೆ ಬೀಗಣ್ಣನ ಬೆರಳು ತುರಿಸುತ್ತವೆ. ಮೀಸೆ ಕಪ್ಪಗಿದ್ದ ಕಾಲದಿಂದ ಮಾರುಕಟ್ಟೆಯ ಮೂಲೆಯ ಪುಟ್ಟ ಅಂಗಡಿಯಲ್ಲಿ ಕೂತು ಊರಿನವರ ಬೀಗಗಳನ್ನೆಲ್ಲ ಬಿಚ್ಚಿ, ಒರೆಸಿ, ಎಣ್ಣೆ ಬಿಟ್ಟು ಕೂಡಿಸಿದವನು ಅವನು. ಯಾರ ಮನೆಗೆ ಹೋದರೂ ಮೊದಲು ಕಣ್ಣು ಹೋಗುವುದು ಬಾಗಿಲಿನ ಕಡೆಗೇ. ಒಮ್ಮೆ ಕಾಯಿಲೆ ಬಿದ್ದ ನೆಂಟರನ್ನು ನೋಡಲು ಹೋದವನು ಹೊಸಿಲಲ್ಲೇ ನಿಂತು, "ಲಿವರ್ ಪೂರ್ತಿ ಹೋಗಿದೆ, ಬದಲಾಯಿಸದೆ ವಿಧಿಯಿಲ್ಲ" ಎಂದುಬಿಟ್ಟಿದ್ದ. ಅವನು ಹೇಳಿದ್ದು ಬೀಗದ ಲಿವರ್. ಒಳಗಿದ್ದ ರೋಗಿ ಅದನ್ನು ಕೇಳಿ ಎರಡು ದಿನ ಊಟ ಬಿಟ್ಟಿದ್ದರು.

ಆದ್ದರಿಂದಲೇ ಆ ಭಾನುವಾರ ಬೆಳಿಗ್ಗೆ ಹೆಂಡತಿ ಅವನನ್ನು ಬಾಗಿಲಲ್ಲೇ ತಡೆದು ಜೇಬು ತಡಕಿದಳು. ಅಂಗಿಯ ಜೇಬಿನಿಂದ ಕೊಕ್ಕೆ ತಂತಿಗಳು ಬಂದವು, ಪ್ಯಾಂಟಿನ ಜೇಬಿನಿಂದ ಸಣ್ಣ ಅರ ಬಂತು, ಕಾಲುಚೀಲದೊಳಗಿಂದ ಒಂದು ತೆಳು ಸ್ಕ್ರೂಡ್ರೈವರ್ ಇಣುಕಿತು.

"ಕಾಲುಚೀಲದಲ್ಲೂ ಇಟ್ಕೊಂಡಿದೀರಾ? ಹೊರಟಿರೋದು ಪ್ರವಾಸಕ್ಕೋ ಕಳ್ಳತನಕ್ಕೋ?"

"ಅಭ್ಯಾಸ ಕಣೇ. ಇದಿಲ್ಲದಿದ್ರೆ ಮೈಮೇಲೆ ಬಟ್ಟೆ ಇಲ್ದಂಗಾಗುತ್ತೆ."

"ಆದ್ರೆ ಆಗ್ಲಿ. ಇವತ್ತು ಒಂದೇ ಒಂದು ಬೀಗ ಮುಟ್ಟಕೂಡದು. ಬೀಗರ ಮುಂದೆ ನಮ್ಮ ಮಾನ ಕಳೀಬೇಡಿ."

"ಅಪ್ಪಾ, ಇವತ್ತೊಂದು ದಿನ," ಎಂದಳು ಮಗಳು. ಬೀಗಣ್ಣ ಎರಡೂ ಕೈ ಮೇಲೆತ್ತಿ ಶರಣಾದ.

ವಿಷಯ ದೊಡ್ಡದೇ ಇತ್ತು. ಮಗಳು ಒಬ್ಬ ಹುಡುಗನನ್ನು ಮೆಚ್ಚಿದ್ದಳು. ಹುಡುಗನೂ ಮೆಚ್ಚಿದ್ದ, ಅವನ ತಾಯಿಯೂ ಮೆಚ್ಚಿದ್ದರು. ಉಳಿದವರು ತಂದೆ. ಅವರು ನಿವೃತ್ತ ಹೆಡ್‌ಮಾಸ್ಟರು, ಜೀವಮಾನವೆಲ್ಲ ವ್ಯಾಕರಣ ಕಲಿಸಿ, ಈಗ ಕಲಿಸಲು ಮಕ್ಕಳಿಲ್ಲದೆ ಕಂಡಕಂಡವರನ್ನು ತಿದ್ದುತ್ತಿದ್ದವರು. "ಹೋಟೆಲಲ್ಲಿ ಎದುರುಬದುರು ಕೂತು ಹಲ್ಲು ಕಿರಿಯೋದು ಬೇಡ. ಇತಿಹಾಸದ ಜಾಗಗಳನ್ನ ತೋರಿಸೋ ಬಸ್ಸಿದೆ. ಒಂದು ದಿನ ಜೊತೇಲಿ ಸುತ್ತಿದ್ರೆ ಮನುಷ್ಯರ ಗುಣ ಗೊತ್ತಾಗುತ್ತೆ. ಸಂಜೆ ನನ್ನ ಮಾತು ಹೇಳ್ತೀನಿ," ಎಂದು ಅವರೇ ಈ ಪ್ರವಾಸ ಗೊತ್ತು ಮಾಡಿದ್ದರು.

ಬಸ್ಸಿನ ಹತ್ತಿರ ಬೀಗಣ್ಣ ಕೈ ಮುಗಿದು, "ನಮಸ್ಕಾರ ಬೀಗರೇ!" ಎಂದ.

"ಇನ್ನೂ ಆಗಿಲ್ಲ," ಎಂದರು ಮೇಷ್ಟರು ಕನ್ನಡಕ ಸರಿಮಾಡಿಕೊಂಡು. "ಆಗದೇ ಇರೋದನ್ನ ಆದ ಹಾಗೆ ಹೇಳಬಾರದು. ಭೂತಕಾಲ ಬೇರೆ, ಭವಿಷ್ಯತ್ಕಾಲ ಬೇರೆ. ಸಂಜೆವರೆಗೂ ನೀವು ಬರೀ ಬೀಗದವರು."

'ಬೀಗದವರು' ಎಂಬುದಕ್ಕೂ 'ಬೀಗರು' ಎಂಬುದಕ್ಕೂ ನಡುವೆ ಇದ್ದದ್ದು ಎರಡೇ ಅಕ್ಷರ. ಆ ಎರಡಕ್ಷರದಲ್ಲಿ ಮಗಳ ಬಾಳು ತೂಗಾಡುತ್ತಿತ್ತು. ಬೀಗಣ್ಣ ಬಾಯಿಗೆ ಬೀಗ ಹಾಕಿಕೊಂಡು ಹಿಂದಿನ ಸೀಟಿಗೆ ಹೋಗಿ ಕೂತ.

ಕೂರುವಷ್ಟರಲ್ಲಿ ಪಕ್ಕದ ಮನೆಯ ರೇಡಿಯೋ ಅತ್ತೆ ಏದುಸಿರು ಬಿಡುತ್ತ ಹತ್ತಿದರು. ಇಬ್ಬರ ಮನೆಗೂ ನಡುವೆ ಒಂದೇ ಗೋಡೆ. ಆ ಗೋಡೆಯ ಮೂಲಕ ಪ್ರವಾಸದ ಸುದ್ದಿ ಕೇಳಿ ತಮ್ಮ ದುಡ್ಡಿನಲ್ಲೇ ಟಿಕೆಟ್ ಕೊಂಡಿದ್ದರು. "ಹುಡುಗಿ ಕಡೆಯವರು ಕಮ್ಮಿ ಕಾಣಬಾರ್ದು ಅಂತ ಬಂದೆ," ಎಂದು ತಮ್ಮ ದೊಡ್ಡ ಚೀಲವನ್ನು ಬೀಗಣ್ಣನ ಪಕ್ಕದಲ್ಲಿ ಕೂರಿಸಿ, ತಾವು ಮುಂದೆ ಹೆಂಗಸರ ಹಿಂದಿನ ಸೀಟು ಹಿಡಿದರು.

ಊರು ತೋರಿಸುವ ಹುಡುಗಿ ಚುರುಕಾಗಿದ್ದಳು. ಮೊದಲು ಬಸ್ಸನ್ನು ಗುಡ್ಡದ ಮೇಲಿನ ತನ್ನ ಹಿರಿಯರ ಹಳ್ಳಿಗೇ ಹತ್ತಿಸಿದಳು. ದುಂಡನೆಯ ಮಣ್ಣಿನ ಮನೆಗಳು. ಒಂದಕ್ಕೂ ಬಾಗಿಲಿರಲಿಲ್ಲ.

"ಬೀಗ ಎಲ್ಲಿ ಹಾಕ್ತಿದ್ರಮ್ಮಾ?" ಎಂದ ಬೀಗಣ್ಣ. ತಡೆಯಲಾಗಲಿಲ್ಲ.

"ನಮ್ಮ ಭಾಷೇಲಿ ಆ ಪದಾನೇ ಇರಲಿಲ್ಲ ಸರ್. ಆಮೇಲೆ ಬಿಳಿ ದೊರೆಗಳು ಹಡಗಲ್ಲಿ ಬಂದ್ರು. ಅವರ ಹಿಂದೆ ಬೀಗ ಬಂತು. ಬೀಗದ ಹಿಂದೆ ಕಳ್ಳರು ಬಂದ್ರು."

ಎಲ್ಲರೂ ನಕ್ಕರು. ಬೀಗಣ್ಣನಿಗೆ ನಗು ಬರಲಿಲ್ಲ. ಬಾಗಿಲೇ ಇಲ್ಲದ ಊರಿನಲ್ಲಿ ತನ್ನಂಥವನು ಏನು ಮಾಡಿ ಹೊಟ್ಟೆ ಹೊರೆಯುತ್ತಿದ್ದ ಎಂಬ ಚಿಂತೆ ಹತ್ತಿತು.

ಆದರೆ ಗುಡ್ಡದ ಕೆಳಗೆ ದೊರೆಗಳು ಕಟ್ಟಿದ ಹಳೇ ಜೈಲಿಗೆ ಬಂದಾಗ ಆ ಚಿಂತೆ ಹೇಳಹೆಸರಿಲ್ಲದೆ ಹಾರಿಹೋಯಿತು. ಉದ್ದನೆಯ ಓಣಿಯ ಕೊನೆಯ ಕೋಣೆಗೆ ಕಬ್ಬಿಣದ ಸರಳಿನ ಬಾಗಿಲು. ಬಾಗಿಲಿನಲ್ಲೇ ಕೂಡಿಸಿದ, ತಟ್ಟೆಯಷ್ಟು ಅಗಲದ ಬೀಗ. ಅಂಥದ್ದನ್ನು ಬೀಗಣ್ಣ ಕನಸಿನಲ್ಲೂ ಕಂಡಿರಲಿಲ್ಲ. ಬಾಗಿಲು ಮುಚ್ಚದ ಹಾಗೆ ಅದನ್ನು ಹಗ್ಗದಿಂದ ಗೋಡೆಯ ಬಳೆಗೆ ಕಟ್ಟಿದ್ದರು.

"ಯಾರೂ ಮುಟ್ಟಬೇಡಿ," ಎಂದಳು ಹುಡುಗಿ. "ಎಳೆದ್ರೆ ತಾನೇ ಬೀಳೋ ಬೀಗ. ದೊರೆಗಳು ಊರು ಬಿಡುವಾಗ ಬೀಗ ನಮಗೆ ಬಿಟ್ಟು ಬೀಗದ ಕೈ ತಗೊಂಡು ಹೋದ್ರು."

ಎಲ್ಲರೂ ಮುಂದೆ ನಡೆದರು. ಬೀಗಣ್ಣನೂ ನಡೆದ, ನಾಲ್ಕು ಹೆಜ್ಜೆ. ಆಮೇಲೆ ಚಪ್ಪಲಿ ಸರಿಮಾಡಿಕೊಳ್ಳುವವನಂತೆ ಬಗ್ಗಿದ. ಬಗ್ಗಿದವನು ಹಿಂದೆ ತಿರುಗಿದ. ಬರೀ ನೋಡುತ್ತೇನೆ ಎಂದು ಕೋಣೆಯೊಳಗೆ ಹೋದ. ಬರೀ ಮುಟ್ಟುತ್ತೇನೆ ಎಂದು ಕೈ ಇಟ್ಟ. ಬೀಗದ ನಾಲಗೆ ಹೊರಬರುವುದು ಹೇಗೆಂದು ನೋಡಲು ಹಗ್ಗ ಸ್ವಲ್ಪ, ಸ್ವಲ್ಪವೇ, ಸಡಿಲಿಸಿದ. ಹಗ್ಗ ಅವನಿಗಿಂತ ಹಳೆಯದು, ಕಿತ್ತು ಕೈಗೆ ಬಂತು. ಬಾಗಿಲು ಗಂಭೀರವಾಗಿ ತಿರುಗಿ, 'ಟಕ್' ಎಂದಿತು.

ಜೇಬಿಗೆ ಕೈ ಹಾಕಿದ. ಫೋನು ಬಿಟ್ಟರೆ ಖಾಲಿ. ಕಾಲುಚೀಲ ತಡವಿದ. ಬರೀ ಕಾಲು.

ದೂರದಿಂದ ಹುಡುಗಿಯ ಮೈಕು ಕೇಳಿಸಿತು: "ಬಸ್ ಹೊರಡ್ತಿದೆ, ನಿಮ್ಮ ನಿಮ್ಮ ಪಕ್ಕದವರು ಇದಾರಾ ನೋಡ್ಕೊಳ್ಳಿ!" ಬೀಗಣ್ಣನ ಪಕ್ಕದವರೆಂದರೆ ರೇಡಿಯೋ ಅತ್ತೆಯ ಚೀಲ. ಚೀಲ ಏನೂ ಹೇಳಲಿಲ್ಲ. ಹೆಂಡತಿಯ ದನಿ ಮಾತ್ರ ಖಣಿಲ್ಲನೆ ಕೇಳಿಸಿತು: "ನಮ್ಮ ಪಕ್ಕದವರು ಯಾವತ್ತೂ ತಪ್ಪಿಸ್ಕೊಳ್ಳಲ್ಲಮ್ಮ, ಹಿಂದೇನೇ ಇದಾರೆ!" ಬಸ್ಸು ಹೊರಟುಹೋಯಿತು.

ಹೆಂಡತಿಗೆ ಫೋನ್ ಮಾಡಿದ. ಜೈಲಿನ ಗೋಡೆಗಳು ಆನೆಯ ಹೊಟ್ಟೆಯಷ್ಟು ದಪ್ಪ. ಮಾತಿನಲ್ಲಿ ಬೇಕಾದ್ದನ್ನೆಲ್ಲ ನುಂಗಿ, ಬೇಡದ್ದನ್ನು ಮಾತ್ರ ಆಚೆ ಬಿಡುತ್ತಿದ್ದವು. 'ಜೈಲು' ಎಂಬ ಪದ ಒಮ್ಮೆಯೂ ಬಸ್ಸು ಮುಟ್ಟಲಿಲ್ಲವೆಂದು ಅವನಿಗೆ ಗೊತ್ತಾದದ್ದು ಆಮೇಲೆ.

"ಕೆಟ್ಟೆ ಕಣೇ! ಬೀಗ ಕೈ ಕೊಟ್ಟುಬಿಡ್ತು!"

"ಏನು? ಏನೂ ಕೇಳಿಸ್ತಿಲ್ಲ..."

"ಇಲ್ಲಿ ಕೊಡಮ್ಮ, ಸ್ಪೀಕರ್ ಹಾಕ್ತೀನಿ," ಎಂದಿತು ರೇಡಿಯೋ ಅತ್ತೆಯ ದನಿ. ಅದು ಬೀಗಣ್ಣನಿಗೆ ಕೇಳಿಸಿತು, ತಲೆಗೆ ಹೋಗಲಿಲ್ಲ.

"ಬೀಗ ಕಣೇ, ಬೀಗ! ಗೊಡ್ಡು! ನೋಡೋಕೆ ಗಟ್ಟಿಮುಟ್ಟು, ಒಳಗೆಲ್ಲ ತುಕ್ಕು. ಇಂಥದ್ದನ್ನ ನಂಬಿ ಒಳಗೆ ಕಾಲಿಟ್ಟೆನಲ್ಲ!"

"ರೀ, ಮೆತ್ತಗೆ, ಮೆತ್ತಗೆ..."

"ಮೆತ್ತಗೆ ಮಾಡಿದ್ರೆ ಬಗ್ಗೋ ಆಸಾಮಿ ಅಲ್ಲ ಇದು! ಸುತ್ತಿಗೆ ತಗೊಂಡು ನೆತ್ತಿ ಮೇಲೆ ನಾಲ್ಕು ಬಿಟ್ರೆ ತಾನೇ ಬಾಯಿ ಬಿಡುತ್ತೆ!"

ಆ ಕಡೆ ಯಾರೋ ಗಂಟಲು ಸರಿಪಡಿಸಿಕೊಂಡರು.

"ಗೊಡ್ಡು ಅಂದ್ರಿ, ಸಹಿಸ್ಕೊಂಡೆ," ಎಂದರು ಮೇಷ್ಟರು. "ತುಕ್ಕು ಅಂದ್ರಿ, ವಯಸ್ಸಾಗಿದೆ, ಒಪ್ಕೊಂಡೆ. ಆದ್ರೆ 'ಇದು' ಅಂದ್ರಲ್ಲ, 'ಬಿಡುತ್ತೆ' ಅಂದ್ರಲ್ಲ! ನನಗೆ ನಪುಂಸಕಲಿಂಗವೇ? ಜೈಲಲ್ಲೇ ಉಳ್ಕೊಂಡಿರ್ಬೇಕು, ಬಸ್ ತಿರುಗಿಸಮ್ಮ. ಇದನ್ನ ಮುಖಾಮುಖಿ ಕೇಳಬೇಕು."

ಫೋನು ಸತ್ತಿತು. ಬೀಗಣ್ಣ ಕಲ್ಲುಹಾಸಿನ ಮೇಲೆ ಕುಸಿದ. ಹಿಂದೆ ಇದೇ ಕೋಣೆಯಲ್ಲಿ ಗಲ್ಲಿಗೆ ಕಾದವರಿದ್ದರಂತೆ. ಅವರಿಗೆ ಮದುವೆ ವಯಸ್ಸಿನ ಹೆಣ್ಣುಮಕ್ಕಳಿದ್ದರೋ ಇಲ್ಲವೋ, ತನಗಿದ್ದಾಳೆ. "ಅಪ್ಪಾ, ಇವತ್ತೊಂದು ದಿನ," ಎಂದವಳ ಮುಖ ಕಣ್ಣ ಮುಂದೆ ಬಂತು.

ಓಣಿಯಲ್ಲಿ ಹೆಜ್ಜೆ ಸಪ್ಪಳವಾಯಿತು. ಮುಂದೆ ಮೇಷ್ಟರು ಬೆತ್ತವಿಲ್ಲದಿದ್ದರೂ ಬೆತ್ತ ಹಿಡಿದವರ ಹಾಗೆ ಬಂದರು. ಹಿಂದೆ ಅಳುಮುಖದ ಹೆಂಡತಿ, ಮಗಳು, ಹುಡುಗ, ಹುಡುಗನ ತಾಯಿ, ಎಲ್ಲರಿಗಿಂತ ಹಿಂದೆ, ಆದರೆ ಎಲ್ಲರಿಗಿಂತ ಎತ್ತರಕ್ಕೆ ಕತ್ತು ಚಾಚಿ ರೇಡಿಯೋ ಅತ್ತೆ.

"ಮೇಷ್ಟ್ರೇ, ನಾನಂದಿದ್ದು ನಿಮ್ಮನ್ನಲ್ಲ, ಇದನ್ನ!" ಬೀಗಣ್ಣ ಸರಳಿನ ಸಂದಿಯಿಂದ ಬೆರಳು ಹಾಕಿ ಬೀಗ ತೋರಿಸಿದ. "ಈ ಬೀಗಾನ!"

ಮೇಷ್ಟರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡು ಬೀಗದ ಹತ್ತಿರ ಬಗ್ಗಿದರು. "ಗೊಡ್ಡು," ಎಂದು ಗೊಣಗಿದರು. ಉಗುರಿನಿಂದ ಕೆರೆದು, "ತುಕ್ಕು," ಎಂದರು. ಮೇಲ್ಭಾಗ ತಟ್ಟಿ, "ನೆತ್ತಿ," ಎಂದರು. ನೇರ ನಿಂತು ಸ್ವಲ್ಪ ಯೋಚಿಸಿ, "ಸರಿ. ನಪುಂಸಕಲಿಂಗವೇ ಸರಿ," ಎಂದವರು ಇದ್ದಕ್ಕಿದ್ದಂತೆ ಗಹಗಹಿಸಿ ನಕ್ಕರು. ಅವರು ನಕ್ಕದ್ದನ್ನು ಅವರ ಮಗನೂ ಅಷ್ಟಾಗಿ ಕಂಡಿರಲಿಲ್ಲ, ಗಾಬರಿಯಾಗಿ ಅಪ್ಪನ ತೋಳು ಹಿಡಿದುಕೊಂಡ.

ಬೀಗಣ್ಣ ಹೆಂಡತಿಯ ತಲೆಯಿಂದ ಒಂದು ಹೇರ್‌ಪಿನ್ ಕೇಳಿ ಪಡೆದ. ಬಾಯಲ್ಲಿ ಕಚ್ಚಿ ಕೊಕ್ಕೆ ಮಾಡಿದ. ಸರಳಿನ ಸಂದಿಯಿಂದ ಕೈ ಹೊರಹಾಕಿ, ಕಣ್ಣು ಮುಚ್ಚಿ, ಬೀಗದ ಎದೆಬಡಿತ ಕೇಳುವವನಂತೆ ಕಿವಿ ಆನಿಸಿ ತಿರುಗಿಸಿದ. ಬೀಗ ಮುಲುಗಿತು, ನರಳಿತು, ಬಾಯಿ ಬಿಟ್ಟಿತು.

"ಭೇಷ್ ಬೀಗರೇ!" ಎಂದರು ಮೇಷ್ಟರು.

ಎರಡಕ್ಷರ ಬಿದ್ದುಹೋಗಿತ್ತು! ಹೆಂಡತಿ ಸೆರಗಿನಿಂದ ಕಣ್ಣೊರೆಸಿಕೊಂಡಳು. ಮಗಳು ಹುಡುಗನ ಬೆನ್ನ ಹಿಂದೆ ಮುಖ ಮರೆಸಿದಳು. ಜೀವಮಾನದಲ್ಲಿ ಅವನು ತೆಗೆದ ಬೀಗಗಳಲ್ಲೆಲ್ಲ ಇದೇ ಒಳ್ಳೆಯ ಬೀಗ.

"ಬನ್ನಿ ಬನ್ನಿ, ಗುಹೆ ಚಿತ್ರ ನೋಡೋದು ಬಾಕಿ ಇದೆ," ಎಂದು ಊರು ತೋರಿಸುವ ಹುಡುಗಿ ಎಲ್ಲರನ್ನೂ ಬಸ್ಸಿನ ಕಡೆ ಹೊರಡಿಸಿದಳು. "ನೀವು ನಡೀರಿ. ನಾನು ಇನ್ನು ಬೀಗರ ಪಕ್ಕದಲ್ಲೇ ಕೂರೋದು," ಎಂದು ಸಾರಿ ಮೇಷ್ಟರು ಹಿಂದುಳಿದರು. ಕೋಣೆಯೊಳಗೆ ಬಂದು ಬೀಗವನ್ನು ಮಗುವಿನಂತೆ ನೋಡಿದರು.

"ತೆಗೆಯೋದು ಗೊತ್ತಾಯ್ತು. ಅದು ತಾನಾಗೇ ಬೀಳೋದು ಹೇಗೆ?"

ಅಲ್ಲಿ ಬೀಗಣ್ಣ, "ದಾರೀಲಿ ಹೇಳ್ತೀನಿ ಬನ್ನಿ," ಎನ್ನಬೇಕಿತ್ತು. ಆದರೆ ಹೊಗಳಿಕೆ ತಲೆಗೇರಿದವನಿಗೆ ವಿವೇಕ ಎಲ್ಲಿಯದು? "ಪಿನ್ನು ಕೈಲೇ ಇದೆ, ಹೆದರ್ಬೇಡಿ. ಹೀಗೆ ಎಳೆದ್ರೆ..." ಎಂದು ಎಳೆದ. 'ಟಕ್.'

"ಅದ್ಭುತ!" ಎಂದರು ಮೇಷ್ಟರು. "ಈಗ ತೆಗೀರಿ."

ಬೀಗಣ್ಣ ಪಿನ್ನು ಹಾಕಿ ತಿರುಗಿಸಿದ. ಪಿನ್ನಿನ ಅರ್ಧ ಬೀಗದೊಳಗೆ ಉಳಿಯಿತು. ಇನ್ನರ್ಧವನ್ನು ಇಬ್ಬರೂ ನೋಡಿದರು.

ದೂರದಲ್ಲಿ ಮೈಕು ಕೂಗಿತು: "ನಿಮ್ಮ ನಿಮ್ಮ ಪಕ್ಕದವರು ಇದಾರಾ ನೋಡ್ಕೊಳ್ಳಿ!" ಹೆಂಡತಿಯ ಪಕ್ಕ ಹುಡುಗನ ತಾಯಿ ಇದ್ದರು. ಮಗಳ ಪಕ್ಕ ಹುಡುಗನಿದ್ದ, ಆ ಇಬ್ಬರಿಗೂ ಬೇರೆ ಪ್ರಪಂಚ ಬೇಕಿರಲಿಲ್ಲ. ಬೀಗಣ್ಣನ ಪಕ್ಕ ಮೇಷ್ಟರು, ಮೇಷ್ಟರ ಪಕ್ಕ ಬೀಗಣ್ಣ, ಅದರಲ್ಲೂ ಏನೂ ಲೋಪವಿರಲಿಲ್ಲ. "ಇದಾರೆ!" ಎಂದು ಎಲ್ಲರೂ ಒಟ್ಟಿಗೆ ಕೂಗಿದರು. ಬಸ್ಸು ಹೊರಟಿತು.

ಮೇಷ್ಟರು ತಮ್ಮ ಫೋನನ್ನು ಬಸ್ಸಿನ ಸೀಟಿನ ಮೇಲೆ ಬಿಟ್ಟುಬಂದಿದ್ದರು. ಬೀಗಣ್ಣ ಮಗಳಿಗೆ ಮಾಡಿದ, ಅವಳು ಎತ್ತಲಿಲ್ಲ. ಹೆಂಡತಿಗೆ ಮಾಡಿದ. ಗಂಡ ಫೋನಿನಲ್ಲಿ ಇನ್ನೇನು ಆಡಿಬಿಡುತ್ತಾನೋ ಎಂಬ ಭಯಕ್ಕೆ ಅವಳು ಅದನ್ನು ಆರಿಸಿಟ್ಟಿದ್ದಳು.

ಮೇಷ್ಟರು ಕಲ್ಲುಹಾಸಿನ ಮೇಲೆ ಬೆನ್ನು ನೆಟ್ಟಗೆ ಮಾಡಿ ಕೂತರು. "ಬೀಗದವರೇ," ಎಂದರು. ಎರಡಕ್ಷರ ಮತ್ತೆ ಬಂದು ಕೂತಿದ್ದವು. "ಆಗ ನಾನಂದಿದ್ದು ಬಾಯಿ ತಪ್ಪಿದ ಮಾತು ಅಂತ ತಿಳ್ಕೊಳ್ಳಿ. ಮದುವೆ ವಿಷಯ ಹೊರಗೆ ಹೋದ ಮೇಲೆ ಹೇಳ್ತೀನಿ. ಹೋದರೆ."

ಎಷ್ಟೋ ಹೊತ್ತಾದ ಮೇಲೆ ಚಹಾಕ್ಕೆ ಹೋಗಿದ್ದ ಕಾವಲುಗಾರ ಬಂದ. ಒಳಗಿದ್ದ ಇಬ್ಬರು ಹಿರಿಯರನ್ನು ಕಂಡು ಹೌಹಾರಿದ. ತಾನು ಯಾರೆಂದು ಹೇಳಲು ಬೀಗಣ್ಣನ ನಾಲಗೆ ಏಳಲಿಲ್ಲ.

"ಗಾಬರಿ ಆಗ್ಬೇಡಿ ಸ್ವಾಮಿ," ಎಂದ ಕಾವಲುಗಾರ. "ಮಾರ್ಕೆಟ್ಟಲ್ಲಿ ಒಬ್ಬ ಇದಾನೆ, ಎಂಥ ಬೀಗಾನೂ ತೆಗೀತಾನಂತೆ. ನನ್ನ ಹತ್ರ ನಂಬರಿದೆ. ಇಲ್ಲಿ ಮಾತು ಸರಿಯಾಗಿ ಕೇಳಿಸಲ್ಲ, ಅಂಗಳಕ್ಕೆ ಹೋಗಿ ಮಾಡ್ತೀನಿ."

ಮೇಷ್ಟರ ಮುಖ ಅರಳಿತು. ಅಷ್ಟರಲ್ಲಿ ಬೀಗಣ್ಣನ ಜೇಬು ಹಾಡತೊಡಗಿತು. ಮೇಷ್ಟರು ಜೇಬನ್ನು ನೋಡಿದರು, ಬೀಗಣ್ಣ ಗೋಡೆಯನ್ನು ನೋಡಿದ. ಹಾಡು ನಿಲ್ಲಲಿಲ್ಲ.

"ಎತ್ತಿ," ಎಂದರು ಮೇಷ್ಟರು ತಣ್ಣಗೆ. "ಗಿರಾಕಿ ಕಾಯ್ತಿದಾರೆ."

"ಹಲೋ, ಬೀಗ ರಿಪೇರಿಯವರಾ? ಹಳೇ ಜೈಲಿಂದ ಮಾತಾಡ್ತಿರೋದು. ಇಬ್ಬರು ಒಳಗೆ ಸಿಕ್ಕೊಂಡಿದಾರೆ. ಎಷ್ಟೊತ್ತಿಗೆ ಬರ್ತೀರಿ?"

ಬೀಗಣ್ಣ ಬೀಗದ ಕಡೆ ನೋಡಿದ.

"ಬೀಗ ತೆಗೆದ ಕೂಡಲೇ ಬರ್ತೀನಿ."

"'ತೆಗೆದ' ಅಲ್ಲ, ಬೇರೆಯವರ ಕೈಲಿ 'ತೆಗೆಸಿದ'," ಎಂದರು ಮೇಷ್ಟರು. "ಸರಿಯಾಗಿ ಹೇಳಿ, ಬೀಗದವರೇ."